ಹೆಸ್ಟರ್ ಹಡಗಿನಲ್ಲಿ ನನ್ನ ಸರದಿ

ಹಾಯಿಹಡಗಿನಲ್ಲಿ ಮೊದಲು ಕಲಿಯಬೇಕಾದ ಕೆಲಸ ಕೊಬ್ಬು ಬಳಿಯುವುದು. ಕುರಿಯ ಕೊಬ್ಬನ್ನು ಬರಿಗೈಯಲ್ಲಿ ತೆಗೆದುಕೊಂಡು ಹಾಯಿಮರಕ್ಕೆ ತಿಕ್ಕಬೇಕು. ಇಲ್ಲದಿದ್ದರೆ ಹಾಯಿ ಮೇಲೇರುವಾಗ ಮರಕ್ಕೆ ಕಚ್ಚಿಕೊಂಡು ನಿಂತುಬಿಡುತ್ತದೆ. ಕೊಬ್ಬು ಉಗುರಿನ ಸಂದಿಗೆ ಇಳಿಯುತ್ತದೆ. ಎಷ್ಟು ಸೋಪು ಹಚ್ಚಿದರೂ ವಾಸನೆ ಬಿಡುವುದಿಲ್ಲ. ನನಗೆ ಅದರ ಅಸಹ್ಯ ಇರಲಿಲ್ಲ. ನಾನು ಹುಟ್ಟಿದ್ದೇ ಅಂಥ ವಾಸನೆಯ ಮನೆಯಲ್ಲಿ.

ಹಡಗಿನ ಹೆಸರು ಹೆಸ್ಟರ್. ಬಿಳಿಯರು ಈ ದೇಶಕ್ಕೆ ಬಂದು ಕಾಡು ಕಡಿದು ಕುರಿ ಮೇಯಿಸತೊಡಗಿದ ಕಾಲದ್ದು. ಎರಡು ಹಾಯಿಮರದ ಸಣ್ಣ ಸರಕಿನ ಹಡಗು. ಆಗ ರಸ್ತೆ ಇರಲಿಲ್ಲ. ಕೊಲ್ಲಿಯಿಂದ ಕೊಲ್ಲಿಗೆ ಹೋಗಿ ಉಣ್ಣೆಯ ಮೂಟೆ, ಮರದ ಹಲಗೆ, ಆಲೂಗಡ್ಡೆ, ಹುಲ್ಲಿನ ಬೀಜ ತುಂಬಿಕೊಂಡು ಲಿಟಲ್‌ಟನ್ ಬಂದರಿಗೆ ತರುವುದು ಇದರ ಕೆಲಸ. ಇದ್ದವರು ಐದೋ ಆರೋ ಜನ. ಎದೆಮಟ್ಟದ ತಣ್ಣೀರಿನಲ್ಲಿ ನಿಂತು ಮೂಟೆ ಹೊರಬೇಕು. ತಳದಲ್ಲಿ ಸೋರುವ ನೀರನ್ನು ಪಂಪು ಒತ್ತಿ ಒತ್ತಿ ಹೊರಗೆ ಹಾಕಬೇಕು. ಗಾಳಿ ತಿರುಗಿದರೆ ಬಾಯಿಗಿಟ್ಟ ತುತ್ತು ಬಿಟ್ಟು ಓಡಬೇಕು. ಲಾಭ ಮಾಲೀಕನದು, ಬೆನ್ನು ಇವರದು. ಹೀಗೆ ದುಡಿದು ಸತ್ತವರ ಹೆಸರನ್ನು ಯಾವ ಬೀದಿಗೂ ಇಟ್ಟಿಲ್ಲ. ಮಾಲೀಕರ ಹೆಸರಿನ ಬೀದಿಗಳಲ್ಲಿ ನಾನು ದಿನಾ ಬಸ್ಸು ಹತ್ತಿ ಇಳಿಯುತ್ತೇನೆ.

ಕೊಳೆತು ಬಿದ್ದಿದ್ದ ಈ ಹಡಗನ್ನು ಹಡಗಿನ ಹುಚ್ಚಿನ ಒಂದಷ್ಟು ಜನ ಸೇರಿ ಎತ್ತಿ, ಹಲಗೆ ಬದಲಿಸಿ, ಮತ್ತೆ ನೀರಿಗಿಳಿಸಿದ್ದರು. ಹಳೆಯ ಕಾಲದ ದುಡಿಮೆ ಹೇಗಿತ್ತೋ ಹಾಗೆಯೇ ಜನರಿಗೆ ತೋರಿಸಬೇಕು ಎಂಬುದು ಅವರ ಹಟ. ಭೂಕಂಪವಾಗಿ ಮೂರನೆಯ ವರ್ಷ. ಕ್ರೈಸ್ಟ್‌ಚರ್ಚ್ ಇನ್ನೂ ಅರ್ಧ ಬಿದ್ದಂತೆಯೇ ಇತ್ತು. ಲಿಟಲ್‌ಟನ್‌ನಲ್ಲೂ ಹಡಗು ನಿಲ್ಲುವ ಧಕ್ಕೆಯ ಕಲ್ಲುಗಳು ಸೀಳು ಬಿಟ್ಟಿದ್ದವು. ಒಂದು ರಜೆಯ ದಿನ ಅಲ್ಲಿ ಸುಮ್ಮನೆ ತಿರುಗುತ್ತಿದ್ದಾಗ ಈ ಹಡಗಿನ ಪಕ್ಕ ಬೋರ್ಡು ಕಂಡಿತು. ಕೆಲಸಕ್ಕೆ ಜನ ಬೇಕು, ಅನುಭವ ಬೇಕಿಲ್ಲ. ಹತ್ತಿ ಹೋದೆ. ಈಜು ಬರುತ್ತದೆಯೇ ಎಂದಷ್ಟೇ ಕೇಳಿದರು. ಬರುತ್ತದೆ ಎಂದೆ. ಕೃಷ್ಣಾ ನದಿಯಲ್ಲಿ ಕಲಿತದ್ದು. ಬೇರೆ ಏನನ್ನೂ ಕೇಳಲಿಲ್ಲ. ಈ ದೇಶಕ್ಕೆ ಬಂದ ಮೇಲೆ ಅಷ್ಟು ಕಡಿಮೆ ಪ್ರಶ್ನೆ ಕೇಳಿ ನನ್ನನ್ನು ಒಳಗೆ ಬಿಟ್ಟ ಜಾಗ ಅದೊಂದೇ.

ನಾನು ನೀಲಗಂಗಾ. ಅಥಣಿಯವಳು. ಬೆಳಗಾವಿಯಲ್ಲಿ ನರ್ಸಿಂಗ್ ಕಲಿತು ಇಲ್ಲಿಗೆ ಬಂದೆ. ಇಲ್ಲಿನ ಪರೀಕ್ಷೆ ಮುಗಿಯುವ ತನಕ ರೆಸ್ಟ್ ಹೋಮ್ ಒಂದರಲ್ಲಿ ಕೇರ್‌ಗಿವರ್. ಮುದುಕರ ಮೈ ತೊಳೆಯುವುದು, ಮಗ್ಗುಲು ಬದಲಿಸುವುದು, ಕೆಳಗಿನದನ್ನು ಒರೆಸುವುದು. ವಾರವಿಡೀ ಅದು. ಶನಿವಾರ ಹಡಗು.

ಹಡಗಿನ ಮೇಟ್, ಅಂದರೆ ಕ್ಯಾಪ್ಟನ್ ನಂತರದ ಹಿರಿಯಾಳು, ವಿರೇಮು. ಪಕ್ಕದ ರಾಪಕಿ ಎಂಬ ಹಳ್ಳಿಯವರು, ಬಿಳಿಯರಿಗಿಂತ ಮೊದಲೇ ಈ ನೆಲದಲ್ಲಿದ್ದ ಮಾವೊರಿ ಜನದವರು. ಅರವತ್ತು ದಾಟಿದವರು. ಕ್ಯಾಪ್ಟನ್ ಇದ್ದರೂ ಹಗ್ಗ, ಹಾಯಿ, ಅಡುಗೆ, ಜನ ಎಲ್ಲ ಅವರ ಕೈಯಲ್ಲಿ. ಮೊದಲ ದಿನವೇ ಅವರು ತಮ್ಮ ಬೆಟ್ಟ ಯಾವುದು, ನೀರು ಯಾವುದು, ಹಿರಿಯರು ಯಾವ ದೋಣಿಯಲ್ಲಿ ಬಂದರು, ಎಲ್ಲ ಹೇಳಿ ಆಮೇಲೆ ತಮ್ಮ ಹೆಸರು ಹೇಳಿದ್ದರು. ಅವರಲ್ಲಿ ಪರಿಚಯ ಎಂದರೆ ಹಾಗೆಯೇ. ನಾನು ಹೆಸರಷ್ಟೇ ಹೇಳಿ ಸುಮ್ಮನಾಗಿದ್ದೆ.

ಹೆಸ್ಟರ್‌ನಲ್ಲಿ ಒಂದು ರೂಢಿಯಿತ್ತು. ಹಿಂದಿನ ಕಾಲದ್ದು, ಈಗಲೂ ಬಿಟ್ಟಿರಲಿಲ್ಲ. ಹಡಗು ಬಂದರು ಬಿಟ್ಟಿತೆಂದರೆ ಎಲ್ಲರಿಗೂ ಒಂದೇ ಹಂಡೆ. ಆ ದಿನ ಯಾರ ಸರದಿಯೋ ಅವರೇ ಅಡುಗೆಯವರು. ಕ್ಯಾಪ್ಟನ್ ಆಗಲಿ, ಟಿಕೆಟ್ಟು ತೆಗೆದುಕೊಂಡು ಬಂದವನಾಗಲಿ, ಅವರ ಕೈಯಿಂದಲೇ ಬಡಿಸಿಕೊಂಡು ಉಣ್ಣಬೇಕು. ಬಡಿಸುವವರು ಕೊನೆಗೆ ಉಣ್ಣಬೇಕು. ಆ ಕಾಲದ ಹಡಗುಗಳಲ್ಲಿ ಅಡುಗೆಯವನೇ ಎಲ್ಲರಿಗಿಂತ ಕೀಳು ಆಳು. ಮಾವೊರಿ, ಪೋರ್ಚುಗೀಸ, ನಮ್ಮ ಕಡೆಯಿಂದ ಹೋದ ಲಸ್ಕರಿ ಖಲಾಸಿ, ಯಾರೋ ಒಬ್ಬ. ಆದರೆ ಅವನ ಕೈಯಿಂದ ಉಣ್ಣುವುದಿಲ್ಲ ಎಂದವನು ಉಪವಾಸ ಸಾಯಬೇಕಿತ್ತು ಎಂದು ವಿರೇಮು ನಗುತ್ತಾ ಹೇಳುತ್ತಿದ್ದರು. ನನ್ನ ಸರದಿ ಬಂದಾಗಲೆಲ್ಲ ನಾನು ಬಡಿಸುತ್ತಿದ್ದೆ. ಟೆಸ್ ಎಂಬ ಕೆಂಚು ಕೂದಲಿನ ಹುಡುಗಿ ಬಟ್ಟಲು ಹಿಡಿದು ಎರಡೆರಡು ಸಲ ಬರುತ್ತಿದ್ದಳು. ನನಗೆ ಎಷ್ಟು ಸಂತೋಷವಾಗುತ್ತಿತ್ತು ಎಂದು ಇಲ್ಲಿ ಬರೆದರೆ ನಗೆಪಾಟಲಾಗುತ್ತದೆ. ಒಂದು ಸೌಟು ಹಿಡಿಯುವುದರಲ್ಲಿ ಏನಿದೆ ಎಂದು ಕೇಳುವವರು ಎಂದೂ ಸೌಟಿನಿಂದ ದೂರ ನಿಂತವರಲ್ಲ.

ಈಗ ವಾಸಂತಿ ಅಕ್ಕ. ಎದುರಿಗೆ ಅಕ್ಕಾರ, ನೀವು ಎನ್ನುತ್ತಿದ್ದೆ. ಇಲ್ಲಿ ಅವಳು ಎಂದೇ ಬರೆಯುತ್ತೇನೆ. ಅಷ್ಟು ಹಕ್ಕು ನನಗಿದೆ.

ಅವಳು ಬಾಗಲಕೋಟೆಯವಳು. ಗಂಡ ಸಂಗಮೇಶ್ ಕಟ್ಟಡಗಳ ಎಂಜಿನಿಯರ್. ಊರು ಬಿದ್ದದ್ದರಿಂದ ಅವನಿಗೆ ಕೈತುಂಬ ಕೆಲಸ. ಇಲ್ಲಿನ ಕನ್ನಡದವರ ಕೂಟಕ್ಕೆ ಅವನೇ ಅಧ್ಯಕ್ಷ. ರಿಕ್ಕರ್ಟನ್‌ನ ಇಂಡಿಯನ್ ಅಂಗಡಿಯಲ್ಲಿ ಜೋಳದ ಹಿಟ್ಟಿನ ಚೀಲಕ್ಕೆ ನಾನೂ ಅವಳೂ ಒಟ್ಟಿಗೆ ಕೈ ಹಾಕಿದ್ದೆವು. ಆವತ್ತೇ ಮನೆಗೆ ಕರೆದುಕೊಂಡು ಹೋದಳು. ಆಮೇಲೆ ಪ್ರತಿ ಭಾನುವಾರ ಅವಳ ಅಡುಗೆಮನೆ ನನ್ನದು. ನಾನು ರೊಟ್ಟಿ ಬಡಿಯಬೇಕು, ಅವಳು ಬೇಯಿಸಬೇಕು. ಮಗಳು ಶ್ರೇಯಾ ನಾನು ಕನ್ನಡದಲ್ಲಿ ಕೇಳಿದ್ದಕ್ಕೆಲ್ಲ ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಾ ಹೆಂಚಿನಿಂದ ಇಳಿದ ರೊಟ್ಟಿಯನ್ನು ಹಾಗೆಯೇ ಕಿತ್ತು ತಿನ್ನುತ್ತಿದ್ದಳು.

ನೀಲಗಂಗಾ ಎಂಬ ಹೆಸರು. ಅಥಣಿ ಎಂಬ ಊರು. ನಮ್ಮಪ್ಪನಿಂದ ಬಂದ, ಹಣೆಗೆ ವಿಭೂತಿ ಹಚ್ಚುವ ರೂಢಿ. ಇಷ್ಟು ನೋಡಿ ಕೂಟದವರೆಲ್ಲ ನನ್ನನ್ನು ತಮ್ಮ ಜಾತಿಯವಳೆಂದು ಲೆಕ್ಕ ಹಾಕಿಕೊಂಡಿದ್ದರು. ನಾನು ಸುಳ್ಳು ಹೇಳಿರಲಿಲ್ಲ. ಯಾರೂ ಕೇಳಿರಲಿಲ್ಲ. ಒಂದು ಭಾನುವಾರ ಅಕ್ಕ ಕೇಳಿದಳು.

"ನೀಲಾ, ನಮ್ಮ ನಂದೀಶಗ ನೀ ಭಾಳ ಛಲೋ ಜೋಡಿ ಆಗ್ತಿ ನೋಡ. ನಮ್ಮ ಕಾಕಾನ ಮಗ. ಪಾಮರ್ಸ್ಟನ್ ನಾರ್ತಿನ್ಯಾಗ ಯುನಿವರ್ಸಿಟಿ ಕೆಲಸ. ನಿಮ್ಮದು ಒಳಪಂಗಡ ಯಾವ್ದು ಅಷ್ಟ ಹೇಳ, ಮುಂದಿನ ಮಾತ ನಾ ಆಡ್ತೀನಿ."

"ಅಕ್ಕಾರ, ನಾವು ಸಮಗಾರ್ರು. ಚಪ್ಪಲಿ ಹೊಲಿಯೂ ಮಂದಿ."

ಹೆಂಚಿನ ಮೇಲಿನ ರೊಟ್ಟಿ ಕರಿಯಾಗತೊಡಗಿತು. ಅವಳು ಅದನ್ನು ತೆಗೆದು ಪಕ್ಕಕ್ಕಿಟ್ಟಳು. ನನ್ನನ್ನು ಎಳೆದು ಎದೆಗೊತ್ತಿಕೊಂಡು ಅತ್ತಳು.

"ಯವ್ವಾ, ಇಷ್ಟ ದಿನಾ ಇದನ್ನ ಒಬ್ಬಾಕೀನ ಹೊಟ್ಟ್ಯಾಗ ಇಟ್ಕೊಂಡಿದ್ದೇನ? ಇಲ್ಲಿ ಅದನ್ನೆಲ್ಲಾ ಯಾರ್ ಕೇಳ್ತಾರ? ನೀ ನನ್ನ ತಂಗಿ. ಮುಗೀತ್."

ನಂದೀಶನ ಮಾತು ಅಲ್ಲಿಗೇ ನಿಂತಿತು. ಮತ್ತೆ ಅವಳು ಎತ್ತಲಿಲ್ಲ. ನನಗೆ ಅದು ಗೊತ್ತಾಗಲಿಲ್ಲ ಅಂದುಕೊಳ್ಳಬೇಡಿ. ಆದರೆ ಅವಳು ಅತ್ತಿದ್ದಳು. ಮರುವಾರವೂ ನಾನು ಬಡಿದ ರೊಟ್ಟಿ ತಿಂದಿದ್ದಳು. ಅಷ್ಟು ಸಾಕು ಎಂದುಕೊಂಡೆ. ಅಕ್ಕ ಅಂದರೆ ಅಕ್ಕ ಎಂದುಕೊಂಡೆ.

ಚಳಿಗಾಲದಲ್ಲಿ ಹೆಸ್ಟರ್‌ನ ದೊಡ್ಡ ಹಾಯಿಯ ಚರ್ಮ ಹರಿಯಿತು. ಹಾಯಿಯ ಮೇಲಂಚಿಗೆ ಒಂದು ಅಡ್ಡ ದಿಮ್ಮಿ ಇರುತ್ತದೆ. ಅದರ ಕವಲು ಹಾಯಿಮರವನ್ನು ತಬ್ಬಿಕೊಂಡು ಮೇಲೆ ಕೆಳಗೆ ಜಾರುತ್ತದೆ. ಮರ ಸವೆಯದಿರಲು ಕವಲಿನ ಒಳಮೈಗೆ ಚರ್ಮ ಹೊಲಿದಿರುತ್ತಾರೆ. ನಾನು ಹೊಲಿಯುತ್ತೇನೆ ಎಂದೆ. ಡೆಕ್ಕಿನ ಮೇಲೆ ಕಾಲು ಚಾಚಿ ಕೂತು, ದಿಮ್ಮಿಯನ್ನು ತೊಡೆಯ ಮೇಲೆ ಎಳೆದುಕೊಂಡು, ಚರ್ಮ ನೆನೆಸಿ, ಬಡಿದು, ಆರಿಯಿಂದ ತೂತು ಚುಚ್ಚಿ, ಮೇಣದ ದಾರ ಎಳೆದೆ. ತಣ್ಣನೆಯ ಗಾಳಿಗೆ ಬೆರಳು ಮರಗಟ್ಟುತ್ತಿದ್ದವು. ದಾರ ಅಂಗೈ ಕೊಯ್ದಿತು. ನಮ್ಮವ್ವನ ಅಂಗೈಯಲ್ಲಿ ಅದೇ ಜಾಗದಲ್ಲಿ ಗೆರೆಯಿತ್ತು.

"ಯಾರು ಕಲಿಸಿದ್ದು?" ಎಂದರು ವಿರೇಮು.

ಅವರು ತಮ್ಮ ಹಿರಿಯರನ್ನೆಲ್ಲ ನನಗೆ ಹೇಳಿದ್ದರು. ನಾನು ಬಾಯಿ ಬಿಡದಿರುವುದು ಕಳ್ಳತನವಾಗುತ್ತಿತ್ತು. ಹೇಳಿದೆ. ನನ್ನ ನೀರು ಕೃಷ್ಣಾ. ನನ್ನ ಊರು ಅಥಣಿ. ನನ್ನ ಅಪ್ಪ, ಅಜ್ಜ, ಮುತ್ತಜ್ಜ ಚರ್ಮದ ಕೆಲಸದವರು. ಅವ್ವ ಚಪ್ಪಲಿಗೆ ಚರ್ಮದ ಹೆಣಿಗೆ ಹಾಕುತ್ತಿದ್ದಳು. ನಾನು ಸಮಗಾರರ ಮಗಳು ನೀಲಗಂಗಾ. ಜೋರಾಗಿ, ಇಂಗ್ಲಿಷಿನಲ್ಲಿ, ಬಿಸಿಲಿನಲ್ಲಿ ಹೇಳಿದೆ. ಅವರು ಎದ್ದು ನಿಂತು ತಲೆಬಾಗಿ, ತಮ್ಮ ಹಣೆ ಮೂಗನ್ನು ನನ್ನ ಹಣೆ ಮೂಗಿಗೆ ಮುಟ್ಟಿಸಿದರು. ಅದು ಅವರ ನಮಸ್ಕಾರ.

ಆ ವಾರ ಹಡಗಿನ ಫೇಸ್‌ಬುಕ್ ಪುಟದಲ್ಲಿ ನನ್ನ ಫೋಟೊ ಬಂತು. ತೊಡೆಯ ಮೇಲೆ ದಿಮ್ಮಿ, ಕೈಯಲ್ಲಿ ಆರಿ. ತಲೆತಲಾಂತರದಿಂದ ಚರ್ಮದ ಕೆಲಸ ಮಾಡುವ ಮನೆತನದ ನಮ್ಮ ನೀಲಾ, ಅಥಣಿಯವಳು ಎಂದು ಕೆಳಗೆ ಬರೆದಿದ್ದರು. ಹಡಗಿನವರಿಗೆ ಅದು ಹೆಮ್ಮೆ. ಕೂಟದ ವಾಟ್ಸಪ್‌ಗೆ ಯಾರೋ ಅದನ್ನು ಹಾಕಿದರು. ಇವರು ನಮ್ಮ ನೀಲಗಂಗಾ ಏನ್ರಿ ಎಂದು ಒಬ್ಬರು ಕೇಳಿದರು.  ದಿನಾ ಗುಡ್ ಮಾರ್ನಿಂಗ್ ಹೂವು ಕಳಿಸುವವರೂ ಆವತ್ತು ಸುಮ್ಮನಿದ್ದರು.

ನವೆಂಬರಿನ ರಾಜ್ಯೋತ್ಸವಕ್ಕೆ ಇಡೀ ಕೂಟವನ್ನು ಹೆಸ್ಟರ್ ಮೇಲೆ ಕರೆದುಕೊಂಡು ಹೋಗುವುದೆಂದು ಮೊದಲೇ ಮಾತಾಗಿತ್ತು. ಅದು ನನ್ನ ಆಸೆ. ಅಕ್ಕನೇ ಒಪ್ಪಿಸಿದ್ದಳು. ಆ ದಿನ ಅಡುಗೆಯ ಸರದಿ ನನ್ನದು. ನಮ್ಮವರು ಹಗ್ಗ ಎಳೆಯಬೇಕು, ಹಾಯಿ ಏರಿಸಬೇಕು, ಆಮೇಲೆ ನಾನು ಬಡಿಸಬೇಕು. ಒಂದು ವಾರ ದಿನಾ ಕೆಲಸ ಮುಗಿಸಿ ಬಂದ ಮೇಲೆ ರೊಟ್ಟಿ ಬಡಿದೆ. ಫ್ಲ್ಯಾಟ್‌ಮೇಟ್ ಸದ್ದಿಗೆ ಬೈದಳು. ಕಡಕ್ ರೊಟ್ಟಿ ಒಣಗಿಸಿ ಬಿಳಿ ಬಟ್ಟೆಯಲ್ಲಿ ಸುತ್ತಿ ದೊಡ್ಡ ಬುಟ್ಟಿಯಲ್ಲಿಟ್ಟೆ. ಶೇಂಗಾ ಹಿಂಡಿ ಕುಟ್ಟಿದೆ.

ಬೆಳಿಗ್ಗೆ ಧಕ್ಕೆಯ ಮೇಲೆ ಅಕ್ಕ ಬುಟ್ಟಿ ಇಸಿದುಕೊಂಡಳು.

"ಕೊಡ ಇಲ್ಲಿ, ನಾ ಒಳಗ ಇಡ್ತೀನಿ. ನೀ ಮ್ಯಾಲಿನ ಕೆಲಸ ನೋಡ ತಂಗಿ."

ನಮ್ಮವರೆಲ್ಲ ಬಂದರು. ರೇಷ್ಮೆ ಸೀರೆ, ಮೇಲೆ ಲೈಫ್ ಜಾಕೆಟ್. ಊರಿಂದ ಬಂದಿದ್ದ ಸಂಗಮೇಶನ ಅಪ್ಪ ಚನ್ನಬಸಪ್ಪನವರು ಧೋತರದ ಮೇಲೆ ಸ್ವೆಟರ್ ಹಾಕಿಕೊಂಡು ಡೆಕ್ಕಿನ ನಡುವೆ ಕೂತರು. ಸಂಗಮೇಶ್ ಹಳದಿ ಕೆಂಪು ಬಾವುಟ ಕಟ್ಟಿ ಮಾತಾಡಿದ. ಪರದೇಶದಲ್ಲಿ ನಮಗೆ ಜಾತಿಯಿಲ್ಲ, ಜಿಲ್ಲೆಯಿಲ್ಲ, ನಾವೆಲ್ಲ ಒಂದೇ ತಾಯಿಯ ಮಕ್ಕಳು ಎಂದ. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ.

ಹಾಯಿ ಏರಿಸುವ ಹೊತ್ತು. ಎರಡು ಹಗ್ಗ, ಎರಡು ಸಾಲು ಜನ. ಎರಡೂ ಕಡೆ ಒಂದೇ ಸಮ ಎಳೆಯಬೇಕು, ಇಲ್ಲದಿದ್ದರೆ ದಿಮ್ಮಿ ವಾರೆಯಾಗಿ ಸಿಕ್ಕಿಕೊಳ್ಳುತ್ತದೆ. ನಾನು ಒಂದು ಸಾಲಿನ ಮುಂದೆ. "ಎಳೀರಿ! ಮತ್ತ ಎಳೀರಿ!" ಎಂದು ಕೂಗಿದೆ. ಲ್ಯಾಪ್‌ಟಾಪಿನ ಕೈಗಳು ಹಗ್ಗಕ್ಕೆ ಉಜ್ಜಿ ಕೆಂಪಾದವು. ವಾಯವ್ಯದ ಗಾಳಿ ಹಾಯಿಗೆ ತುಂಬಿತು. ಹಡಗು ಒಂದು ಮಗ್ಗುಲಿಗೆ ವಾಲಿತು. ಮಕ್ಕಳು ಕಿರುಚಿದರು. ಆ ಗಳಿಗೆಯಲ್ಲಿ ನಾನು ನಿಜಕ್ಕೂ ಸುಖವಾಗಿದ್ದೆ. ಅದಕ್ಕೇ ಮುಂದಿನದು ಇಷ್ಟು ಉರಿಯುತ್ತದೆ.

ಎದುರಿನ ಕೊಲ್ಲಿಯಲ್ಲಿ ಲಂಗರು ಹಾಕಿದರು. ಊಟದ ಹೊತ್ತು. ಕೈ ತೊಳೆದು ಅಡುಗೆ ಕೋಣೆಯ ಮೆಟ್ಟಿಲಿಗೆ ಬಂದೆ. ವಿರೇಮು ಅಡ್ಡ ನಿಂತಿದ್ದರು. ಕೈಯಲ್ಲಿ ನೀಲಿ ರಬ್ಬರ್ ಗ್ಲೌಸು.

"ನೀಲಾ, ಇವತ್ತು ಒಳಗೆ ಬೇಡ," ಎಂದರು ಮೆತ್ತಗೆ. "ನಿನ್ನ ಗೆಳತಿ ಎಲ್ಲ ಹೇಳಿದಳು. ಇದರಲ್ಲಿ ನಾಚಿಕೆಪಡುವಂಥದ್ದು ಏನೂ ಇಲ್ಲ. ವಾಸಿಯಾಗಲಿ, ಆಮೇಲೆ ಮತ್ತೆ ನಿನ್ನ ಸರದಿ."

"ಏನು ಹೇಳಿದಳು?"

"ಕೈಗೆ ಸೋಂಕು ತಗುಲಿದೆಯಂತೆ. ಅಂಟುವಂಥದ್ದಂತೆ. ನೀನಾಗಿ ಹೇಳಿಕೊಳ್ಳಲು ನಿನಗೆ ಸಂಕೋಚ ಅಂತ ಅವಳೇ ಬಂದು ಹೇಳಿದಳು. ಒಳ್ಳೆಯ ಗೆಳತಿ."

ನಾನು ನನ್ನ ಕೈ ನೋಡಿಕೊಂಡೆ. ಕೊಬ್ಬಿನ ಜಿಡ್ಡು ಹೋಗಿತ್ತು. ಹಗ್ಗದ ಕೆಂಪು ಇತ್ತು. ದಾರ ಕೊಯ್ದ ಹಳೆಯ ಗೆರೆ ಇತ್ತು. ಬೇರೇನೂ ಇರಲಿಲ್ಲ.

ಅಲ್ಲ ಎನ್ನಬಹುದಿತ್ತು. ಅಂದರೆ, ಮತ್ತೆ ಗೆಳತಿ ಯಾಕೆ ಹಾಗೆ ಹೇಳಿದಳು ಎಂದು ಅವರು ಕೇಳುತ್ತಿದ್ದರು. ಆಗ ನಮ್ಮವರ ಹೊಲಸನ್ನೆಲ್ಲ ಇಂಗ್ಲಿಷಿನಲ್ಲಿ ಎತ್ತಿ ಡೆಕ್ಕಿನ ಮೇಲೆ ಇಡಬೇಕಿತ್ತು. ಬಾಯಿ ಬರಲಿಲ್ಲ. ನೋಡಿ, ಆ ಹೊತ್ತಿನಲ್ಲೂ ಅವರ ಮಾನ ಕಾಯುತ್ತಾ ನಿಂತವಳು ನಾನೇ. ಗ್ಲೌಸು ತೆಗೆದುಕೊಂ‍ಡು ಹಾಕಿಕೊಂಡೆ.

ಮೇಲಿನ ಕೆಲಸಕ್ಕೆ ಹಗ್ಗ ತರಲು ಹಾಯಿಗಳ ಗೂಡಿಗೆ ಇಳಿದೆ. ಡಾಂಬರಿನ ಡಬ್ಬಿಗಳ ಹಿಂದೆ, ಒದ್ದೆ ಟಾರ್ಪಾಲಿನ ಕೆಳಗೆ, ನನ್ನ ಬುಟ್ಟಿ. ಬಿಳಿ ಬಟ್ಟೆ ತೊಯ್ದಿತ್ತು. ಮೇಲಿನ ರೊಟ್ಟಿಗಳು ಮೆತ್ತಗಾಗಿ ಮುರಿದಿದ್ದವು. ಬಡಿಯುವಾಗ ಒಂದೊಂದಕ್ಕೂ ಇದು ಇವರಿಗೆ, ಇದು ಅವರಿಗೆ ಎಂದು ಅಂದುಕೊಂಡಿದ್ದೆ. ಬುಟ್ಟಿ ಎತ್ತಿಕೊಂಡು ಬಂದೆ. ಕಿರಿದಾದ ದಾರಿಯಲ್ಲಿ ಅಕ್ಕ ಎದುರಾದಳು.

"ಅಕ್ಕಾರ, ನನ್ನ ಕೈಗೆ ಏನಾಗೇತಿ?"

"ಸಣ್ಣಗ ಮಾತಾಡ."

"ಏನಾಗೇತ್ರಿ ನನ್ನ ಕೈಗೆ?"

"ನೀಲಾ, ಮಾವಾರು ಬಂದಾರ. ಆ ಫೋಟೊ ಅವ್ರೂ ನೋಡ್ಯಾರ. ನೀ ಬಡ್ಸಾಕ ನಿಂತಿದ್ರ ತಾಟ ಸರಿಸಿ ಎದ್ದ ಹೋಗ್ತಿದ್ರು, ಎಲ್ಲಾರ ಮುಂದ. ಅದು ಬೇಕಿತ್ತೇನ ನಿನಗ? ನಿನ್ನ ಮರ್ಯಾದಿ ಉಳಿಸೀನಿ ನಾ. ಈ ಮಂದಿಗೆ ನಮ್ಮದೆಲ್ಲಾ ಹ್ಯಾಂಗ ತಿಳಿಸಿ ಹೇಳೂದು? ಅವ್ರಿಗೆ ತಿಳಿಯೂವಂಥಾದ್ದ ಒಂದ ಮಾತ ಹೇಳೀನಿ. ಒಂದ ದಿನದ ಮಾತು."

"ನೀವ ಉಂಡೀರಲ್ರಿ ಈ ಕೈಲೆ. ವರ್ಷಗಟ್ಲೆ ಉಂಡೀರಿ."

"ಈಗೂ ಉಣ್ತೀನಲ್ಲ," ಎಂದಳು. "ಮನ್ಯಾಗ."

ಹೊಡೆದಿದ್ದರೆ ಇಷ್ಟು ನೋಯುತ್ತಿರಲಿಲ್ಲ. ಬಾಗಿಲು ಹಾಕಿಕೊಂಡು ಉಣ್ಣುವ ಅಕ್ಕ. ಬಾಗಿಲು ಹಾಕಿಕೊಂಡು ಅತ್ತ ಅಕ್ಕ. ಊರಲ್ಲಿ ನಮ್ಮ ಮುಖಕ್ಕೆ ಬಾಗಿಲು ಹಾಕಿದವರು ಎಂದೂ ನಮ್ಮನ್ನು ತಬ್ಬಿಕೊಂಡು ಅತ್ತಿರಲಿಲ್ಲ. ಅವರ ಮೇಲೆ ನನಗೆ ಈ ಸಿಟ್ಟು ಬಂದಿರಲಿಲ್ಲ.

ಬುಟ್ಟಿಯನ್ನು ಡೆಕ್ಕಿನ ಮೇಲೆ ತಂದು, ನನ್ನ ಬದಲು ವಿರೇಮು ಬಡಿಸುತ್ತಿದ್ದ ಹಂಡೆಯ ಪಕ್ಕದಲ್ಲಿ ಇಟ್ಟೆ. ಬಟ್ಟೆ ಬಿಚ್ಚಿದೆ. "ರೊಟ್ಟಿ ತಗೊಳ್ರಿ" ಎಂದೆ.

ಚನ್ನಬಸಪ್ಪನವರು ಇನ್ನೂ ಖಾಲಿ ತಟ್ಟೆ ಹಿಡಿದು ಕೂತಿದ್ದರು. "ಹೊಟ್ಟಿ ತುಂಬೇತವಾ," ಎಂದರು. ಉಳಿದವರು ಕಡಲು ನೋಡಿದರು. ಫೋನು ನೋಡಿದರು. ಶ್ರೇಯಾ ಮಾತ್ರ ಓಡಿ ಬಂದು, ಆಂಟಿ, ಗರಿಗರಿ ಇರುವುದು ಒಂದು ಕೊಡಿ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಅಕ್ಕ ಅವಳ ರಟ್ಟೆ ಹಿಡಿದು ಎಳೆದಳು. "ನಿಂಗ ಹೊಟ್ಟಿ ಸರಿ ಇಲ್ಲ." ಹುಡುಗಿ ಪೆಚ್ಚಾಗಿ ತಾಯಿಯ ಮುಖ ನೋಡಿದಳು.

ಇಷ್ಟು ನನಗೆ ಹೊಸದಲ್ಲ. ತಡೆದುಕೊಂಡೆ. ಬುಟ್ಟಿಯನ್ನು ಹಡಗಿನವರ ಕಡೆಗೆ ತಿರುಗಿಸಿದೆ. ಟೆಸ್ ಮೊದಲು. ಅವಳು ನನ್ನ ಗ್ಲೌಸು ನೋಡಿದಳು, ರೊಟ್ಟಿ ನೋಡಿದಳು, ಅಂಗೈ ಎತ್ತಿ ಬೇಡ, ಥ್ಯಾಂಕ್ಸ್ ಎಂದಳು. ಮುಖದಲ್ಲಿ ಕನಿಕರ. ಪಕ್ಕದವನೂ ಬೇಡ ಎಂದ. ವಿರೇಮು ನಕ್ಕರು, ಭುಜ ತಟ್ಟಿದರು, ಕೈ ಮಾತ್ರ ಬುಟ್ಟಿಗೆ ಹಾಕಲಿಲ್ಲ.

ಆಗ ತಿಳಿಯಿತು ಅಕ್ಕ ಏನು ಮಾಡಿದ್ದಾಳೆಂದು. ಈ ಜನಕ್ಕೆ ನಮ್ಮವರ ಮೈಲಿಗೆ ಗೊತ್ತಿರಲಿಲ್ಲ. ಸಮಗಾರ ಎಂದರೆ ತಲೆಬಾಗಿದ ಜನ ಇವರು. ಅವಳು ಅದಕ್ಕೆ ರೋಗ ಎಂದು ಹೆಸರಿಟ್ಟು ಇವರಿಗೂ ಕಲಿಸಿಕೊಟ್ಟಳು. ನಾನು ಹೋಗಿ ಸೇರಿಕೊಂಡಿದ್ದ ಒಂದೇ ಒಂದು ಜಾಗಕ್ಕೆ ನನಗಿಂತ ಮುಂಚೆ ನಡೆದು ಹೋಗಿ ಬಾಗಿಲು ಹಾಕಿದಳು. ಅದೂ ಎಷ್ಟು ಪ್ರೀತಿಯಿಂದ! ನಾಳೆ ಈ ಮಾತು ರೆಸ್ಟ್ ಹೋಮ್ ಮುಟ್ಟಿದರೆ ಮುದುಕರ ಮೈಯನ್ನೂ ಮುಟ್ಟಲು ಬಿಡುವುದಿಲ್ಲ. ಹಡಗಿನ ಮೂತಿಯ ಕಡೆಗೆ ಹೋಗಿ ಒಬ್ಬಳೇ ಕೂತು ಒದ್ದೆ ರೊಟ್ಟಿ ಅಗಿದೆ. ಡಾಂಬರಿನ ವಾಸನೆ ಹೊಡೆಯುತ್ತಿತ್ತು. ನುಂಗಿದೆ. ಹಿಂದೆ ಸಂಗಮೇಶ್ ಎಲ್ಲರಿಗೂ ಜಾಮೂನು ಹಂಚುತ್ತಿದ್ದ.

ಇಳಿಹೊತ್ತಿಗೆ ಹಡಗು ಲಿಟಲ್‌ಟನ್‌ಗೆ ಮರಳಿತು. ನೀರು ಇಳಿದಿತ್ತು. ಭೂಕಂಪದಲ್ಲಿ ಧಕ್ಕೆಯ ಆ ಬದಿ ಕುಸಿದದ್ದರಿಂದ ಹಲಗೆ ಹಾಕಲು ಬರುತ್ತಿರಲಿಲ್ಲ. ಹಡಗಿಗೂ ಧಕ್ಕೆಗೂ ನಡುವೆ ಒಂದು ದೊಡ್ಡ ಹೆಜ್ಜೆಯಷ್ಟು ಸಂದಿ, ಕೆಳಗೆ ಹಸಿರು ನೀರು. ಅಲೆಗೆ ಹಡಗು ಏರಿ ಇಳಿಯುತ್ತಿತ್ತು. ಇಂಥಲ್ಲಿ ಹಡಗಿನವರೊಬ್ಬರು ಅಂಚಿನಲ್ಲಿ ನಿಂತು ಒಬ್ಬೊಬ್ಬರನ್ನೇ ಕೈ ಹಿಡಿದು ದಾಟಿಸಬೇಕು. ವಿರೇಮು ಧಕ್ಕೆಗೆ ಹಾರಿ ಹಗ್ಗ ಬಿಗಿಯುತ್ತಿದ್ದರು. ಅಂಚಿನಲ್ಲಿ ಇದ್ದವಳು ನಾನು.

ಗ್ಲೌಸು ತೆಗೆದೆ. ಕಸದ ಡಬ್ಬಿಗೆ ಹಾಕಿದೆ. ಬರಿಗೈ ಚಾಚಿದೆ.

ಮೊದಲು ಚನ್ನಬಸಪ್ಪನವರು. ಕೆಳಗಿನ ನೀರು ನೋಡಿದರು. ಎರಡೂ ಕೈಯಿಂದ ನನ್ನ ಕೈ ಹಿಡಿದರು. "ತಾಯೀ, ಗಟ್ಟಿ ಹಿಡೀ ನನ್ನ," ಎಂದರು. ಹಿಡಿದೆ. ದಾಟಿಸಿದೆ. ಆಮೇಲೆ ಎಲ್ಲರೂ. ಹೆಂಗಸರು, ಗಂಡಸರು, ಸಂಗಮೇಶ್, ಶ್ರೇಯಾ. ಒಬ್ಬರೂ ಸೋಂಕು ಕೇಳಲಿಲ್ಲ, ಕುಲ ಕೇಳಲಿಲ್ಲ. ಉಗುರು ನೆಡುವಷ್ಟು ಬಿಗಿಯಾಗಿ ಹಿಡಿದರು. ಅದರಿಂದ ನನ್ನ ಸಿಟ್ಟು ಇಳಿಯಲಿಲ್ಲ, ಏರಿತು. ಹೊಟ್ಟೆಗೆ ಬೇಡದ ಕೈ ಜೀವಕ್ಕೆ ಬೇಕಾಗಿತ್ತು.

ಕೊನೆಗೆ ಉಳಿದವಳು ವಾಸಂತಿ ಅಕ್ಕ. ಅಷ್ಟು ಹೊತ್ತಿಗೆ ವಿರೇಮು ಹಗ್ಗ ಕಟ್ಟಿ ಮುಗಿಸಿ ನನ್ನ ಬರಿಗೈಯನ್ನೇ ನೋಡುತ್ತಾ ನಿಂತಿದ್ದರು. ಅಕ್ಕ ಅದನ್ನು ಕಂಡಳು. ಈ ಕೈ ಹಿಡಿದರೆ ಅವಳ ಸುಳ್ಳು ಅವರ ಕಣ್ಣೆದುರೇ ಬಿದ್ದುಹೋಗುತ್ತಿತ್ತು.

"ಹಿಡೀರಿ ಅಕ್ಕಾರ."

"ಗ್ಲೌಸ್ ಹಾಕ್ಕೋ ನೀಲಾ," ಎಂದಳು ಹಲ್ಲಿನ ಸಂದಿಯಲ್ಲಿ.

"ಯಾಕ್ರಿ?"

ಅವಳು ಮುಖ ತಿರುಗಿಸಿದಳು. ವಿರೇಮುವಿನ ಕಡೆ ನೋಡಿ ನಕ್ಕು, ಒಳ್ಳೆಯ ಇಂಗ್ಲಿಷಿನಲ್ಲಿ, ಪಾಪ ನೀಲಾಳ ಕೈ, ನಿಮಗೆ ಗೊತ್ತಲ್ಲ, ಸ್ವಲ್ಪ ನೀವೇ ದಾಟಿಸುತ್ತೀರಾ ಎಂದಳು. ಅವರು ಬಂದು ಕೈ ಚಾಚಿದರು.

ನಾನು ಇಬ್ಬರ ನಡುವೆ ನಿಂತೆ.

"ವಿರೇಮು, ನನ್ನ ಕೈಗೆ ಯಾವ ಸೋಂಕೂ ಇಲ್ಲ," ಎಂದೆ. ನನ್ನ ಇಂಗ್ಲಿಷ್ ಹರಕು. ಆದರೆ ಧಕ್ಕೆಯ ತುದಿಗೂ ಕೇಳುವಂತೆ ಹೇಳಿದೆ. "ಎಂದೂ ಇರಲಿಲ್ಲ. ನಾನು ಚರ್ಮದ ಕೆಲಸದವರ ಮಗಳು. ನಮ್ಮ ಕೈಯಿಂದ ಇವರು ಉಣ್ಣುವುದಿಲ್ಲ. ನಮ್ಮ ದೇಶದಲ್ಲಿ ಅದು ಹಾಗೆ. ಅದನ್ನು ನಿಮ್ಮ ಮುಂದೆ ಹೇಳಲು ನಾಚಿಕೆಯಾಗಿ ರೋಗ ಎಂದರು. ಇವತ್ತು ನೀವೂ ನನ್ನ ಕೈಯಿಂದ ಉಣ್ಣಲಿಲ್ಲ."

ಧಕ್ಕೆಯ ಮೇಲೆ ನಮ್ಮವರು ತಲೆ ತಗ್ಗಿಸಿ ಲೈಫ್ ಜಾಕೆಟ್ಟಿನ ಪಟ್ಟಿ ಬಿಚ್ಚತೊಡಗಿದರು. ಅವರೆಲ್ಲರಿಗೂ ಇಂಗ್ಲಿಷ್ ಚೆನ್ನಾಗಿ ಬರುತ್ತದೆ. ಚನ್ನಬಸಪ್ಪನವರೊಬ್ಬರು ಏನಂದಳು, ಏನಂದಳು ಎಂದು ಮಗನನ್ನು ಕೇಳುತ್ತಿದ್ದರು. ಮಗ ಹೇಳಲಿಲ್ಲ.

ವಿರೇಮುವಿನ ಮುಖ ಕಪ್ಪಿಟ್ಟಿತು. "ನೀನು ನನಗೆ ಹೇಳಬಹುದಿತ್ತು," ಎಂದರು.

"ನೀವು ನನ್ನನ್ನು ಕೇಳಬಹುದಿತ್ತು," ಎಂದೆ.

 ಅವರು ಚಾಚಿದ್ದ ಕೈ ಕೆಳಗಿಳಿಯಿತು. ಅವರು ಒಂದು ಹೆಜ್ಜೆ ಹಿಂದೆ ಸರಿದರು.

ಈಗ ಅಕ್ಕನ ಎದುರು ನನ್ನ ಕೈಯೊಂದೇ ಇತ್ತು. ಸಿಟ್ಟಿನಲ್ಲೂ ನನಗೆ ಒಂದು ಆಸೆಯಿತ್ತು, ಹೇಳಿಬಿಡುತ್ತೇನೆ. ಅವಳು ಹಿಡಿದರೆ ಸಾಕು. ಒಂದು ಮಾತೂ ಬೇಡ. ಹೊರಗೆ, ಬೆಳಕಿನಲ್ಲಿ, ಇಷ್ಟು ಜನರ ಮುಂದೆ, ಒಮ್ಮೆ ಹಿಡಿದರೆ ಸಾಕು. ಮರುಭಾನುವಾರ ನಾನೇ ಹೋಗಿ ಅವಳ ಹೆಂಚಿನ ಮುಂದೆ ನಿಲ್ಲುತ್ತಿದ್ದೆ.

"ಹಿಡೀರಿ ಅಕ್ಕಾರ. ಬೀಳಾಕ ಬಿಡೂದಿಲ್ಲ ನಾ."

ಅವಳು ನನ್ನ ಕೈ ನೋಡಿದಳು. ದಡದಲ್ಲಿ ಮಾವ ನಿಂತಿದ್ದ ಕಡೆ ನೋಡಿದಳು. ಕೆಳಗೆ ನೀರು ನೋಡಿದಳು. ಸೀರೆಯ ನಿರಿಗೆ ಎತ್ತಿ ಸಿಕ್ಕಿಸಿಕೊಂಡಳು. ಹಡಗು ಅಲೆಯ ಮೇಲೆ ಏರುತ್ತಿದ್ದ ಹೊತ್ತಿಗೆ, ಯಾರನ್ನೂ ಹಿಡಿಯದೆ ಒಬ್ಬಳೇ ಜಿಗಿದಳು. ಒಂದು ಕಾಲು ಧಕ್ಕೆಯ ಅಂಚಿಗೆ ಸಿಕ್ಕಿತು, ಇನ್ನೊಂದು ಜಾರಿತು. ಮೊಣಕಾಲೂರಿ ಕಲ್ಲಿನ ಮೇಲೆ ಬಿದ್ದಳು. ಬಳೆ ಒಡೆದವು. ಸಂಗಮೇಶ್ ಓಡಿ ಬಂದು ಎತ್ತಿದ. ಮೊಣಕೈಯಿಂದ ರಕ್ತ ಸೋರುತ್ತಿತ್ತು. ಶ್ರೇಯಾ ಅಳತೊಡಗಿದಳು.

ಅವಳು ಸೀರೆ ಕೊಡವಿಕೊಂಡು ಕಾರಿನ ಕಡೆ ಕುಂಟುತ್ತಾ ನಡೆದಳು. ಈಜು ಬಾರದ ಹೆಂಗಸು. ನೀರಿಗೆ ಬಿದ್ದರೂ ಅಡ್ಡಿಯಿಲ್ಲ, ನನ್ನ ಕೈ ಬೇಡ ಅನ್ನಿಸಿತು ಅವಳಿಗೆ.